ಹರ್ಟ್ಸ್ ಫ್ರಾಂಕ್ ಅವರ ಹತ್ತು ನಿಮಿಷವನ್ನು ಮೂರು ಸಲ ನೋಡಿ

ಹರ್ಟ್ಸ್ ಫ್ರಾಂಕ್ ಅವರ ಈ ಹತ್ತು ನಿಮಿಷದ ಸಾಕ್ಷ್ಯಚಿತ್ರವನ್ನು ನಾನು ಮೊದಲು ನೋಡಿದ್ದು ಬಸ್ಸಿನಲ್ಲಿ, ಮೊಬೈಲಿನಲ್ಲಿ. ಕಿಟಕಿಯಿಂದ ಬಿಸಿಲು ಬೀಳುತ್ತಿತ್ತು. ಒಂದು ಮಗುವಿನ ಮುಖ, ಅಷ್ಟೇ ಅನ್ನಿಸಿತು. ಆಮೇಲೊಮ್ಮೆ ರಾತ್ರಿ ದೀಪ ಆರಿಸಿ ಲ್ಯಾಪ್‌ಟಾಪಿನಲ್ಲಿ ನೋಡಿದೆ. ಮುಗಿದ ಮೇಲೂ ಸ್ವಲ್ಪ ಹೊತ್ತು ಸುಮ್ನೆ ಕೂತಿದ್ದೆ. ಅದಕ್ಕೇ ಹೇಳ್ತೀನಿ, ಮೊದಲು ಕೋಣೆ ಕತ್ತಲೆ ಮಾಡಿಕೊಳ್ಳಿ. ಸಿನಿಮಾದ ಮಕ್ಕಳೂ ಕತ್ತಲಲ್ಲೇ ಕೂತಿದ್ದಾರೆ.

‘ಹತ್ತು ನಿಮಿಷ ದೊಡ್ಡವನಾದ’ ಅನ್ನೋ ಅರ್ಥದ ಹೆಸರು. 1978ರ ಕಪ್ಪುಬಿಳುಪು ಸಿನಿಮಾ. ಲಾಟ್ವಿಯಾದ ರಾಜಧಾನಿ ರೀಗಾದಲ್ಲಿ ಮಕ್ಕಳು ಗೊಂಬೆಯಾಟ ನೋಡುತ್ತಿದ್ದಾರೆ. ನಿರ್ದೇಶಕ ಹರ್ಟ್ಸ್ ಫ್ರಾಂಕ್, ಕ್ಯಾಮೆರಾ ಯುರಿಸ್ ಪೊಡ್ನಿಯೆಕ್ಸ್. ನಮಗೆ ಗೊಂಬೆಗಳು ಕಾಣುವುದಿಲ್ಲ, ಒಬ್ಬ ಪುಟ್ಟ ಹುಡುಗನ ಮುಖವೇ ಕಾಣುತ್ತದೆ. ನಿರೂಪಣೆಯೂ ಇಲ್ಲ. ಸಬ್‌ಟೈಟಲ್ ಹುಡುಕುವ ಕಷ್ಟವಿಲ್ಲ.

ಮೊದಲ ಸಲ ಏನನ್ನೂ ಹುಡುಕಬೇಡಿ. ಹುಡುಗ ಹೆದರಿದಾಗ ಹೆದರಿ, ನಕ್ಕಾಗ ನಗಿ.

ಎರಡನೇ ಸಲ ಶಬ್ದ ತೆಗೆಯಿರಿ. ಇದೇ ನನಗೆ ತುಂಬಾ ಇಷ್ಟವಾದ ಸುತ್ತು. ಸಂಗೀತ ಇದ್ದಾಗ ಭಯ ಯಾವುದು, ಸಂತೋಷ ಯಾವುದು ಅಂತ ಅದೇ ಹೇಳಿಕೊಡುತ್ತದೆ. ಇಲ್ಲದಾಗ ತುಟಿ, ಹುಬ್ಬು, ಕಣ್ಣು ನೀವೇ ಓದಬೇಕು. ಒಂದು ಭಾವ ಬಂದು ಇನ್ನೊಂದಕ್ಕೆ ದಾರಿ ಬಿಡುವ ಆ ಅರೆಕ್ಷಣ ಇದೆಯಲ್ಲಾ, ಅಲ್ಲಿ ನಿಲ್ಲಿಸಿ ಹಿಂದಕ್ಕೆ ಹೋಗಿ ಮತ್ತೆ ನೋಡಿ.

ಮೂರನೇ ಸಲ ಕಟ್ ಎಲ್ಲಿದೆ ಅಂತ ಹುಡುಕಿ. ಸಿಗುವುದಿಲ್ಲ. ಇಡೀ ಸಿನಿಮಾ ಒಂದೇ ಶಾಟ್, ನಡುವೆ ಎಲ್ಲೂ ಕ್ಯಾಮೆರಾ ನಿಲ್ಲಿಸಿಲ್ಲ. 35 ಎಂಎಂ ಫಿಲ್ಮಿನ 300 ಮೀಟರ್ ರೀಲು ಓಡುವುದೇ ಸುಮಾರು 11 ನಿಮಿಷ. ಫೋಕಸ್ ತಪ್ಪಿದ್ದರೆ, ಹುಡುಗ ಎದ್ದು ಹೋಗಿದ್ದರೆ, ಅಷ್ಟೂ ರೀಲು ಹೋಯಿತು. ಕ್ಯಾಮೆರಾ ಹಿಡಿದ ಆ ಕೈಗಳ ತಾಳ್ಮೆ ನೆನೆದರೆ ನನಗೆ ಈಗಲೂ ಗೌರವ ಬರುತ್ತದೆ.

ಆಮೇಲೆ ಒಂದು ದಿನ ಬಿಟ್ಟು ಫ್ರಾಂಕ್ ಅವರ 2002ರ ‘ಫ್ಲ್ಯಾಶ್‌ಬ್ಯಾಕ್’ ನೋಡಿ. ಒಂದೇ ದಿನ ಎರಡೂ ಬೇಡ. ನೋಡುವ ಮೊದಲು ಇಷ್ಟು ಗೊತ್ತಿರಲಿ: ಅವರು 1926ರಲ್ಲಿ ಲಾಟ್ವಿಯಾದ ಲುಡ್ಜಾ ಅನ್ನೋ ಸಣ್ಣ ಊರಿನಲ್ಲಿ ಒಂದು ಯಹೂದಿ ಕುಟುಂಬದಲ್ಲಿ ಹುಟ್ಟಿದವರು. ಅಪ್ಪ ಫೋಟೋಗ್ರಾಫರ್. 1941ರಲ್ಲಿ ನಾಜಿಗಳು ಬಂದ ಮೇಲೆ ಆ ಊರಿನ ಯಹೂದಿಗಳಲ್ಲಿ ಹೆಚ್ಚಿನವರನ್ನು ಕೊಂದರು. ಅಂಥ ಊರಿನ ಫೋಟೋಗ್ರಾಫರ್ ಮಗ ಜೀವನವಿಡೀ ಮುಖಗಳನ್ನೇ ಹಿಡಿದಿಡಲು ಹೊರಟರು ಅಂತ ನೆನಪಿಟ್ಟುಕೊಂಡು ನೋಡಿದರೆ ಪ್ರತಿ ಮುಖವೂ ಬೇರೆಯಾಗಿ ಕಾಣುತ್ತದೆ.

‘ಫ್ಲ್ಯಾಶ್‌ಬ್ಯಾಕ್’ನಲ್ಲಿ ಅವರು ಕ್ಯಾಮೆರಾವನ್ನು ತಮ್ಮ ಕಡೆಗೇ ತಿರುಗಿಸುತ್ತಾರೆ. ತಮ್ಮದೇ ಹೃದಯದ ಆಪರೇಷನ್ ಕೂಡ ಇದೆ. ರಕ್ತ ನೋಡಲಾಗದವರಿಗೆ ಮುಂಚೆಯೇ ಹೇಳಿಬಿಡಿ. ನಾನು ಹೇಳಿರಲಿಲ್ಲ. ಆ ದೃಶ್ಯ ಬಂದಾಗ ಅಮ್ಮ ಸೆರಗಿನಿಂದ ಬಾಯಿ ಮುಚ್ಚಿಕೊಂಡರು, ಆದರೆ ಕಣ್ಣು ಮುಚ್ಚಲಿಲ್ಲ. ಉಳಿದಷ್ಟು ಹೊತ್ತು ನಾನು ಪರದೆ ಬಿಟ್ಟು ಅಮ್ಮನ ಮುಖ ನೋಡುತ್ತಾ ಕೂತಿದ್ದೆ.