30 ಕಂಬ, 15 ಮೆಟ್ಟಿಲು: ಒಂದು ರೋಮನ್ ಗುಡಿಯ ಮಾಡೆಲ್ ಮಾಡಿದ ನನ್ನ ಅನುಭವ

ಕಟ್ಟಡಗಳ ಮಾಡೆಲ್ ಮಾಡುವುದು ನನ್ನ ಕಸುಬು. ಆರ್ಕಿಟೆಕ್ಟ್‌ಗಳು ನಕ್ಷೆ ಕಳಿಸುತ್ತಾರೆ. ನಾನು ಮೌಂಟ್ ಬೋರ್ಡ್, ಎಂಡಿಎಫ್ ಹಲಗೆ, ಅಕ್ರಿಲಿಕ್ ಕತ್ತರಿಸಿ ಅಂಟಿಸಿ ಮೇಜಿನ ಮೇಲೆ ನಿಲ್ಲಿಸಿ ಕೊಡುತ್ತೇನೆ. ಅಪಾರ್ಟ್‌ಮೆಂಟು, ಶಾಲೆ, ಕಲ್ಯಾಣ ಮಂಟಪ ಎಲ್ಲ ಮಾಡಿದ್ದೇನೆ. ಎಲ್ಲವೂ ಇನ್ನೂ ಕಟ್ಟದ ಕಟ್ಟಡಗಳು. ಕಟ್ಟಿ 2000 ವರ್ಷ ಆದ ಒಂದನ್ನು ನನಗೋಸ್ಕರ ಮಾಡಿಕೊಳ್ಳಬೇಕು ಅಂತ ಬಹಳ ದಿನದಿಂದ ಆಸೆ ಇತ್ತು.

ಯಾವುದನ್ನು ಮಾಡಬೇಕು ಅಂತ ಗೊತ್ತಾಗಿದ್ದು ಫ್ರಾನ್ಸಿನಲ್ಲಿ. ಅಕ್ಕ ಟೂಲೂಸ್‌ನಲ್ಲಿ ಕೆಲಸದಲ್ಲಿದ್ದಾಳೆ. ಅವಳ ಮನೆಗೆ ಹೋದಾಗ ಎರಡು ದಿನ ಬಿಡುವು ಮಾಡಿಕೊಂಡು ರೈಲಿನಲ್ಲಿ ನೀಮ್ ಊರಿಗೆ ಹೋದೆ. ಅಲ್ಲಿ ಊರ ನಡುವೆ, ಕಾಫಿ ಅಂಗಡಿಗಳ ಪಕ್ಕದಲ್ಲಿ, ಮೆಝೋಂ ಕಾರೆ ನಿಂತಿದೆ. ಹೆಸರಿನ ಅರ್ಥ 'ಚೌಕ ಮನೆ'. ಆದರೆ ಅದು ಚೌಕವೂ ಅಲ್ಲ, ಮನೆಯೂ ಅಲ್ಲ. ಹಳೆಯ ಫ್ರೆಂಚಿನಲ್ಲಿ ನಾಲ್ಕು ನೇರ ಮೂಲೆ ಇರುವ ಯಾವ ಆಕಾರಕ್ಕೂ ಆ ಮಾತು ನಡೆಯುತ್ತಿತ್ತಂತೆ. ಅದು ರೋಮನ್ನರು ಕ್ರಿ.ಶ. 1ನೇ ಶತಮಾನದ ಮೊದಲ ವರ್ಷಗಳಲ್ಲಿ ಕಟ್ಟಿದ ಗುಡಿ. ಗೋಡೆ, ಕಂಬ, ಮುಂಭಾಗದ ತ್ರಿಕೋನ ಎಲ್ಲ ಹಾಗೇ ಇವೆ. ಇಷ್ಟು ಪೂರ್ತಿಯಾಗಿ ಉಳಿದ ರೋಮನ್ ಗುಡಿಗಳು ಬೆರಳೆಣಿಕೆಯಷ್ಟು. 2023ರಲ್ಲಿ ಯುನೆಸ್ಕೋ ಇದನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು.

ಗುಡಿ ಕಂಡರೆ ಒಂದು ಸುತ್ತು ಬರುವುದು ನನಗೆ ಚಿಕ್ಕಂದಿನ ಅಭ್ಯಾಸ. ಅಲ್ಲೂ ಬಲಗಡೆಯಿಂದ ಹೊರಟೆ. ಸುತ್ತುವುದು ನೆಲದ ಮೇಲೆ ಮಾತ್ರ ಸಾಧ್ಯ. ಗುಡಿ ಸುಮಾರು 2.85 ಮೀಟರ್ ಎತ್ತರದ ಜಗತಿಯ ಮೇಲೆ ಕೂತಿದೆ. ಹತ್ತಲು ಮುಂದೆ ಮಾತ್ರ ಮೆಟ್ಟಿಲು. ಪಕ್ಕದಲ್ಲೂ ಹಿಂದೆಯೂ ಬರೀ ಗೋಡೆ, ಆ ಗೋಡೆಗೆ ಅಂಟಿಕೊಂಡ ಅರ್ಧ ಕಂಬಗಳು. ಮುಂದಿನಿಂದ ನೋಡಿದರೆ ಸುತ್ತಲೂ ಕಂಬಗಳ ಸಾಲು ಇದೆ ಅನಿಸುತ್ತದೆ. ಪಕ್ಕಕ್ಕೆ ಬಂದರೆ ಅವುಗಳ ಹಿಂದೆ ನಡೆಯಲು ಜಾಗವೇ ಇಲ್ಲ. ಯಾಕೆ ಹೀಗೆ? ಆ ಪ್ರಶ್ನೆ ತಲೆಯಲ್ಲಿ ಉಳಿದುಬಿಟ್ಟಿತು. ಮಾಡೆಲ್ ಶುರುವಾಗಿದ್ದು ಅದರಿಂದಲೇ.

ಎರಡು ದಿನದಲ್ಲಿ ಫೋಟೋ ತೆಗೆದೆ, ಮೆಟ್ಟಿಲಿಗೆ ಟೇಪು ಹಿಡಿದೆ, ಕೈಯಲ್ಲೇ ಒಂದಷ್ಟು ಚಿತ್ರ ಬರೆದುಕೊಂಡೆ. ದೊಡ್ಡ ಅಳತೆಗಳು ಮೊದಲೇ ಅಚ್ಚಾಗಿವೆ. 16ನೇ ಶತಮಾನದಲ್ಲಿ ಇಟಲಿಯ ವಾಸ್ತುಶಿಲ್ಪಿ ಪಲ್ಲಾಡಿಯೋ ಕೂಡ ಈ ಗುಡಿಯ ನಕ್ಷೆ ಬಿಡಿಸಿ 1570ರಲ್ಲಿ ಪ್ರಕಟಿಸಿದ್ದ. ಉದ್ದ 26.42 ಮೀಟರ್, ಅಗಲ 13.54 ಮೀಟರ್. ನಾನು 1:50 ಸ್ಕೇಲ್ ಇಟ್ಟುಕೊಂಡೆ. ಅಂದರೆ ಮಾಡೆಲ್ ಸುಮಾರು 53 ಸೆಂಟಿಮೀಟರ್ ಉದ್ದ, 27 ಸೆಂಟಿಮೀಟರ್ ಅಗಲ. 1:100 ಮಾಡಿದ್ದರೆ ಕೆಲಸ ಬೇಗ ಮುಗಿಯುತ್ತಿತ್ತು. ಆದರೆ ಕಂಬದ ತಲೆಯಲ್ಲಿ ಕೆತ್ತಿದ ಎಲೆಗಳು ಬರೀ ಉಂಡೆಗಳಾಗಿ ಕಾಣುತ್ತಿದ್ದವು.

ಜಗತಿ ಸುಲಭ. ಎಂಡಿಎಫ್ ಪೆಟ್ಟಿಗೆ, ಅದರ ಮೇಲೆ ತೆಳು ಬೋರ್ಡು. ಮೆಟ್ಟಿಲಿಗೇ ಸಮಯ ಹಿಡಿಯಿತು. ಒಟ್ಟು 15. ಜಗತಿಯ ಎತ್ತರವನ್ನು ಭಾಗಿಸಿದರೆ ಒಂದೊಂದಕ್ಕೆ 3.8 ಮಿಲಿಮೀಟರ್. ಆ ದಪ್ಪದ ಬೋರ್ಡ್ ಅಂಗಡಿಯಲ್ಲಿ ಸಿಗುವುದಿಲ್ಲ. 4 ಮಿಲಿಮೀಟರಿನದು ತಂದು ಒಂದೊಂದನ್ನೂ ಸ್ಯಾಂಡ್ ಪೇಪರಿನಲ್ಲಿ ಉಜ್ಜಿ ಇಳಿಸಿದೆ. 14 ಮಾಡಿಬಿಟ್ಟರೆ ಯಾರಿಗೆ ಗೊತ್ತಾಗುತ್ತದೆ ಅಂತ ನಡುವೆ ಒಮ್ಮೆ ಅನಿಸಿದ್ದು ನಿಜ. ಅಷ್ಟರಲ್ಲಿ ವಿಟ್ರೂವಿಯಸ್ ಹೇಳಿದ್ದು ನೆನಪಾಯಿತು. ಅವನು ರೋಮಿನ ಮೊದಲ ಚಕ್ರವರ್ತಿ ಅಗಸ್ಟಸ್ ಕಾಲದ ವಾಸ್ತುಶಿಲ್ಪಿ, ಈ ಗುಡಿ ಏಳುವ ಕೆಲವೇ ದಶಕಗಳ ಹಿಂದೆ ಬರೆದವನು. ಗುಡಿಯ ಮೆಟ್ಟಿಲುಗಳು ಯಾವಾಗಲೂ ಬೆಸ ಸಂಖ್ಯೆಯಲ್ಲಿ ಇರಬೇಕು ಅನ್ನುತ್ತಾನೆ. ಯಾಕೆಂದರೆ ಬಲಗಾಲಿಟ್ಟು ಹತ್ತಲು ಶುರು ಮಾಡಿದವನು ಮೇಲೆ ಕಾಲಿಡುವಾಗಲೂ ಬಲಗಾಲೇ ಬರಬೇಕು. ಬಲಗಾಲಿಟ್ಟು ಒಳಗೆ ಬಾ ಅಂತ ಹೊಸ ಸೊಸೆಗೆ ಹೇಳುವ ಮನೆಯಲ್ಲಿ ಬೆಳೆದವನು ನಾನು. ಇದನ್ನು ಓದಿದ ಮೇಲೆ 14 ಮಾಡಲು ಕೈ ಬರಲಿಲ್ಲ.

ಇನ್ನು ಕಂಬ. ಒಟ್ಟು 30. ಮುಂದೆ 6, ಹಿಂದೆ 6, ಪಕ್ಕಕ್ಕೆ 11ರಂತೆ. ನಾಲ್ಕು ಮೂಲೆಯ ಕಂಬಗಳು ಎರಡೆರಡು ಸಲ ಎಣಿಕೆಗೆ ಬರುವುದರಿಂದ ನಾಲ್ಕು ಕಳೆಯಬೇಕು. ಮುಂದೆ 6 ಕಂಬ ಅಂದರೆ 5 ಸಂದು, ಪಕ್ಕದಲ್ಲಿ 11 ಅಂದರೆ 10 ಸಂದು. ಉದ್ದ ಅಗಲದ ಸುಮಾರು ಎರಡರಷ್ಟು ಯಾಕೆ ಅನ್ನುವುದು ಪೆನ್ಸಿಲ್ಲಿನಲ್ಲಿ ಕಂಬಗಳ ಜಾಗ ಗುರುತು ಮಾಡುವಾಗ ತಾನಾಗಿ ತಿಳಿಯಿತು. ಒಂದು ಕಂಬ ಸುಮಾರು 9 ಮೀಟರ್ ಎತ್ತರ, ಅಡ್ಡಳತೆ ಅದರ ಹತ್ತನೇ ಒಂದು ಭಾಗದಷ್ಟು. ನನ್ನ ಸ್ಕೇಲಿನಲ್ಲಿ 18 ಸೆಂಟಿಮೀಟರ್ ಎತ್ತರ, 18 ಮಿಲಿಮೀಟರ್ ದಪ್ಪ.

ಅಂಗಡಿಯಲ್ಲಿ ಸಿಗುವ ಮರದ ಕಡ್ಡಿಗಳು ಬುಡದಿಂದ ತುದಿವರೆಗೆ ಒಂದೇ ದಪ್ಪ. ರೋಮನ್ ಕಂಬ ಹಾಗಲ್ಲ, ಮೇಲೆ ಹೋಗುತ್ತಾ ಸಣ್ಣಗಾಗುತ್ತದೆ. ಚನ್ನಪಟ್ಟಣಕ್ಕೆ ಹೋದೆ. ಅಲ್ಲಿ ಹಾಲೆ ಮರದಲ್ಲಿ ಗೊಂಬೆ ಕಡೆಯುವ ಒಬ್ಬರು ಹಿರಿಯರ ಮುಂದೆ ಚಿತ್ರ ಇಟ್ಟೆ.

"ಇದು ಯಾವ ದೇವಸ್ಥಾನ ಸಾರ್?" ಅಂದರು.

"ಫ್ರಾನ್ಸಿಂದು ಅಣ್ಣ. ರೋಮ್‌ನವರು ಕಟ್ಟಿದ್ದು."

"ಕಲ್ಲಿಂದಾ?"

"ಹೌದು. ಆ ಊರಿನ ಹತ್ತಿರದ ಸುಣ್ಣಕಲ್ಲು."

ಚಿತ್ರವನ್ನು ತಿರುಗಿಸಿ ತಿರುಗಿಸಿ ನೋಡಿದರು. "ಇಪ್ಪತ್ತು ಕಂಬ ಅರ್ಧ ಬೇಕು ಅಂತೀರಿ. ಹೆಂಗೆ ಸೀಳ್ತೀರಿ?"

"ಗರಗಸದಲ್ಲಿ" ಅಂದೆ. ಮನೆಯಲ್ಲಿ ಒಂದನ್ನು ಹಾಗೆ ಸೀಳಿಯೂ ನೋಡಿದ್ದೆ. ಅರ್ಧ ಕಂಬ ಚಪ್ಪಟೆಯಾಗಿ ಕಂಡಿತ್ತು, ಯಾಕೆ ಅಂತ ಹೊಳೆದಿರಲಿಲ್ಲ. ಅವರು ನಕ್ಕು ಹೇಳಿಕೊಟ್ಟರು. ಗರಗಸದ ಹಲ್ಲು ಒಂದು ಮಿಲಿಮೀಟರಿನಷ್ಟು ಮರವನ್ನು ತಿಂದುಹಾಕುತ್ತದೆ. ಅದಕ್ಕೆ ಮೊದಲೇ ಎರಡು ಪಟ್ಟಿಗಳ ನಡುವೆ ನ್ಯೂಸ್ ಪೇಪರ್ ಇಟ್ಟು ಫೆವಿಕಾಲ್ ಹಾಕಿ ಅಂಟಿಸಬೇಕು. ಚೆನ್ನಾಗಿ ಒಣಗಿದ ಮೇಲೆ ಎರಡನ್ನೂ ಒಂದೇ ಕಂಬವಾಗಿ ಲೇತ್‌ನಲ್ಲಿ ಕಡೆಯಬೇಕು. ಕೊನೆಗೆ ಅಂಟಿನ ಗೆರೆಯ ಮೇಲೆ ಉಳಿ ಇಟ್ಟು ಮೆಲ್ಲಗೆ ತಟ್ಟಿದರೆ ಪೇಪರ್ ಹರಿದು ಸರಿಯಾಗಿ ಎರಡು ಹೋಳಾಗುತ್ತದೆ. ಇಷ್ಟು ವರ್ಷದ ಕೆಲಸದಲ್ಲಿ ನನಗೆ ಇದು ಗೊತ್ತಿರಲಿಲ್ಲ. ಅವರಿಗೆ ನಾನು ಋಣಿ.

ಕಂಬ ನಿಲ್ಲಿಸುವ ದಿನ ಇನ್ನೊಂದು ತಪ್ಪು ಗೊತ್ತಾಯಿತು. ಗೋಡೆಗೆ ಅಂಟಿದ ಕಂಬ 20 ಅಂತ 20 ಅರ್ಧಗಳನ್ನು ಮಾಡಿಸಿದ್ದೆ. ಆದರೆ ಹಿಂದಿನ ಎರಡು ಮೂಲೆಗಳಲ್ಲಿ ಕಂಬ ಎರಡು ಕಡೆಯಿಂದ ಕಾಣುತ್ತದೆ. ಅಲ್ಲಿ ಅರ್ಧ ಸಾಲದು, ಮುಕ್ಕಾಲು ಬೇಕು. ಮತ್ತೆ ಚನ್ನಪಟ್ಟಣದ ಬಸ್ಸು ಹತ್ತಿದೆ. ಈ ಸಲ ನಾಲ್ಕು ಪಟ್ಟಿ ಅಂಟಿಸಿ ಕಡೆದು, ಕಾಲು ಭಾಗ ಮಾತ್ರ ಬಿಡಿಸಿ ತೆಗೆದರು. ನೀವು ಈ ಗುಡಿ ಮಾಡುವುದಾದರೆ ಲೆಕ್ಕ ಹೀಗಿದೆ: ಪೂರ್ತಿ 10, ಅರ್ಧ 18, ಮುಕ್ಕಾಲು 2.

ಕಂಬದ ಮೈಮೇಲಿನ ಉದ್ದುದ್ದ ಗೀರುಗಳನ್ನು ನಾನೇ ಕೊರೆದೆ. ಹೀಗೆ ತಲೆಯಲ್ಲಿ ಎಲೆಗಳಿರುವ ಕೊರಿಂಥಿಯನ್ ಕಂಬಕ್ಕೆ ಸಾಮಾನ್ಯವಾಗಿ 24 ಗೀರು. ಅಕ್ರಿಲಿಕ್ ತಟ್ಟೆಯ ಅಂಚಿನಲ್ಲಿ 24 ಕಚ್ಚು ಮಾಡಿ, ಕಂಬವನ್ನು ಅದಕ್ಕೆ ಸಿಕ್ಕಿಸಿ, ಒಂದೊಂದು ಕಚ್ಚಿಗೆ ತಿರುಗಿಸುತ್ತಾ ಗೀರಿದೆ. ದಿನಕ್ಕೆ ಒಂದು ಕಂಬ ಆದರೆ ಅದೇ ಜಾಸ್ತಿ. ರಾತ್ರಿ ಊಟ ಆದ ಮೇಲೆ ಕೂತರೆ ಹನ್ನೊಂದು ಗಂಟೆ ಹೋಗಿದ್ದೇ ತಿಳಿಯುತ್ತಿರಲಿಲ್ಲ.

ಕಂಬಗಳು ನಿಂತ ಮೇಲೆ ನೀಮ್‌ನಲ್ಲಿ ಎದ್ದ ಪ್ರಶ್ನೆ ಬಿಡಿಸಿಕೊಂಡಿತು. ರೋಮನ್ನರ ಪೂಜೆ ನಡೆಯುತ್ತಿದ್ದುದು ಗುಡಿಯ ಹೊರಗೆ, ಬಲಿಪೀಠದ ಬಳಿ. ಜನ ಸೇರುತ್ತಿದ್ದುದು ಅಲ್ಲೇ. ಒಳಗಿನ ಕೋಣೆ ಮೂರ್ತಿಗೆ. ಹಾಗಾಗಿ ಎಲ್ಲ ಘನತೆಯೂ ಮುಂದೆಯೇ ಬೇಕಿತ್ತು. ಎತ್ತರದ ಜಗತಿ, ಮುಂದೆ ಮಾತ್ರ ಮೆಟ್ಟಿಲು, ಆಳವಾದ ಮುಖಮಂಟಪ ಇವೆಲ್ಲ ರೋಮನ್ನರಿಗಿಂತ ಮೊದಲು ಇಟಲಿಯಲ್ಲಿ ಬಾಳಿದ ಎಟ್ರಸ್ಕನ್ನರಿಂದ ಬಂದ ಪದ್ಧತಿ. ಸುತ್ತಲೂ ಕಂಬ ನಿಲ್ಲಿಸುವುದು ಗ್ರೀಕರದು. ರೋಮನ್ನರಿಗೆ ಎರಡೂ ಬೇಕು. ಆದರೆ ಕಂಬಗಳ ಹಿಂದೆ ಓಡಾಡುವ ಜಾಗ ಬಿಟ್ಟರೆ ಕೋಣೆ ಕಿರಿದಾಗುತ್ತದೆ. ಅವರು ಗೋಡೆಯನ್ನೇ ಕಂಬದ ಸಾಲಿನವರೆಗೆ ತಂದುಬಿಟ್ಟರು. ಕೋಣೆಗೆ ಪೂರ್ತಿ ಅಗಲ ಸಿಕ್ಕಿತು, ನೋಟಕ್ಕೆ ಕಂಬದ ಸಾಲೂ ಉಳಿಯಿತು. ಇದನ್ನು ಮೊದಲು ಓದಿದ್ದೆ. ಆದರೆ ಗೋಡೆಯ ಹಲಗೆಯನ್ನು ಕೈಯಲ್ಲಿ ಹಿಡಿದು ಒಳಗೆ, ಹೊರಗೆ ಸರಿಸಿ ನೋಡಿದಾಗಲೇ ನನಗೆ ಅದು ಸರಿಯಾಗಿ ಅರ್ಥ ಆಗಿದ್ದು.

ಮುಖಮಂಟಪ ಉದ್ದದ ಸುಮಾರು ಮೂರನೇ ಒಂದು ಭಾಗ ತಿನ್ನುತ್ತದೆ. ಅದರ ಹಿಂದೆ 6.87 ಮೀಟರ್ ಎತ್ತರದ ಬಾಗಿಲು. ಈಗ ಅಲ್ಲಿರುವ ಕದ 1824ರದು. ಒಳಗೆ ಕಿಟಕಿಯೇ ಇಲ್ಲದ ಒಂದು ಕೋಣೆ, ಅಷ್ಟೇ. ಮಾಡೆಲ್‌ನಲ್ಲಿ ಅದನ್ನು ಖಾಲಿ ಬಿಟ್ಟೆ.

ಕಂಬದ ತಲೆಗಳು ನನ್ನನ್ನು ಬಹಳ ಸತಾಯಿಸಿದವು. ಕೊರಿಂಥಿಯನ್ ತಲೆ ಅಂದರೆ ಅಕಾಂಥಸ್ ಗಿಡದ ಎಲೆಗಳು ಎರಡು ಸುತ್ತು, ಮೇಲೆ ಮೂಲೆಗಳಲ್ಲಿ ಸುರುಳಿ. ಇದೆಲ್ಲ ಸುಮಾರು 2 ಸೆಂಟಿಮೀಟರ್ ಎತ್ತರದಲ್ಲಿ ಬರಬೇಕು. ಎಂಸೀಲ್‌ನಲ್ಲಿ ಒಂದನ್ನು ಕೆತ್ತಿ, ಸಿಲಿಕೋನ್ ಅಚ್ಚು ಮಾಡಿ, ಪಿಒಪಿ ಹುಯ್ದೆ. ಅಚ್ಚಿನಿಂದ ತೆಗೆಯುವಾಗ ಎಲೆಯ ತುದಿಗಳು ಮುರಿದವು. ನಾಲ್ಕು ಸಲ ಹಾಗೇ ಆಯಿತು. ಕೊನೆಗೆ ರೆಸಿನ್ ತಂದೆ, ಆಗ ಸರಿಯಾಗಿ ಬಂತು.

ಇಲ್ಲಿ ಮುಂದೆ ಅಮೆರಿಕದ ಅಧ್ಯಕ್ಷನಾದ ಥಾಮಸ್ ಜೆಫರ್ಸನ್ ವಿಷಯ ಹೇಳಲೇಬೇಕು. ಅಮೆರಿಕದ ವರ್ಜೀನಿಯಾ ರಾಜ್ಯದ ಶಾಸನಸಭೆಗೆ ಕಟ್ಟಡ ಬೇಕಾದಾಗ ಅವನು ಪ್ಯಾರಿಸ್‌ನಲ್ಲಿದ್ದ. ಮೆಝೋಂ ಕಾರೆಯನ್ನೇ ಮಾದರಿಯಾಗಿ ಆರಿಸಿಕೊಂಡ. ಕ್ಲೆರಿಸೋ ಎಂಬ ವಾಸ್ತುಶಿಲ್ಪಿಯ ಜೊತೆ ಕೂತು ನಕ್ಷೆ ಮಾಡಿಸಿ, ಪ್ಲಾಸ್ಟರಿನ ಮಾಡೆಲ್ ಒಂದನ್ನು ಮಾಡಿಸಿ 1786ರಲ್ಲಿ ಹಡಗಿನಲ್ಲಿ ಕಳಿಸಿದ. ಆ ಮಾಡೆಲ್ ಈಗಲೂ ಇದೆ. ನನ್ನಂಥ ಕಸುಬಿನವರಿಗೆ ಇದು ಎಷ್ಟು ದೊಡ್ಡ ಸಂಗತಿ ಅಲ್ವಾ? ಸಮುದ್ರದ ಆಚೆಯ ಗಾರೆಯವರಿಗೆ ಒಂದು ಗುಡಿಯನ್ನು ತೋರಿಸಿದ್ದು ಮೇಜಿನ ಮೇಲಿನ ಮಾಡೆಲ್. ಅಷ್ಟು ಮಾಡಿಸುವ ಹೊತ್ತಿಗೆ ಜೆಫರ್ಸನ್ ಗುಡಿಯನ್ನು ಕಣ್ಣಾರೆ ನೋಡಿಯೇ ಇರಲಿಲ್ಲ. ನೀಮ್‌ಗೆ ಹೋಗಿದ್ದು 1787ರಲ್ಲಿ. ಗಂಟೆಗಟ್ಟಲೆ ಅದನ್ನೇ ನೋಡುತ್ತಾ ಕೂತಿದ್ದಾಗಿ ಪತ್ರದಲ್ಲಿ ಬರೆದುಕೊಂಡಿದ್ದಾನೆ. ಕಂಬದ ತಲೆಗಳನ್ನು ಮಾತ್ರ ಅವನು ಬದಲಾಯಿಸಿದ. ಕೊರಿಂಥಿಯನ್ ಕೆತ್ತುವುದು ಕಷ್ಟ ಅಂತ ಎಲೆಗಳಿಲ್ಲದ, ಸುರುಳಿ ಮಾತ್ರ ಇರುವ ಸರಳವಾದ ಅಯೋನಿಕ್ ಇಟ್ಟುಕೊಂಡ. ನಾಲ್ಕನೇ ಪಿಒಪಿ ಮುರಿದ ರಾತ್ರಿ ಅವನ ನಿರ್ಧಾರ ನನಗೆ ಪೂರ್ತಿ ಒಪ್ಪಿಗೆಯಾಯಿತು.

ಗುಡಿ ಇಷ್ಟು ಚೆನ್ನಾಗಿ ಉಳಿದಿದ್ದಕ್ಕೆ ದೊಡ್ಡ ಕಾರಣ ಅದು ಯಾವತ್ತೂ ಬಳಕೆಯಲ್ಲಿ ಇದ್ದದ್ದು. ಊರಿನ ಸಭೆ ಸೇರುವ ಮನೆಯಾಗಿತ್ತು, ಲಾಯವಾಗಿತ್ತು, 17ನೇ ಶತಮಾನದಲ್ಲಿ ಅಗಸ್ಟೀನಿಯನ್ ಪಾದ್ರಿಗಳ ಚರ್ಚ್ ಆಯಿತು, ಆಮೇಲೆ ದಾಖಲೆ ಇಡುವ ಜಾಗ, ನಂತರ ಮ್ಯೂಸಿಯಂ. ಈ ನಡುವೆ ಗುಡಿ ಯಾರಿಗಾಗಿ ಕಟ್ಟಿದ್ದು ಅನ್ನುವುದೇ ಮರೆತುಹೋಗಿತ್ತು.

ಮುಂದಿನ ತೊಲೆಯ ಮೇಲೆ ಕಂಚಿನ ಅಕ್ಷರಗಳಲ್ಲಿ ಬರಹ ಇತ್ತು. ಮಧ್ಯಯುಗದ ಹೊತ್ತಿಗೆ ಅಕ್ಷರಗಳು ಹೋಗಿದ್ದವು. ಅವುಗಳನ್ನು ಸಿಕ್ಕಿಸಿದ್ದ ಮೊಳೆಗಳ ತೂತುಗಳು ಮಾತ್ರ ಕಲ್ಲಿನಲ್ಲಿ ಉಳಿದಿದ್ದವು. ನೀಮ್‌ನವನೇ ಆದ ಝಾಂ-ಫ್ರಾಂಸ್ವಾ ಸೆಗಿಯೇ ಎಂಬ ವಿದ್ವಾಂಸ 1758ರಲ್ಲಿ ಆ ತೂತುಗಳ ಗುರುತು ತೆಗೆದುಕೊಂಡು, ಯಾವ ಅಕ್ಷರಕ್ಕೆ ಯಾವ ತೂತು ಹೊಂದುತ್ತದೆ ಅಂತ ಕೂಡಿಸಿ, ಬರಹವನ್ನು ಓದಿಬಿಟ್ಟ. ಅವನು ಸಸ್ಯಶಾಸ್ತ್ರ ಬಲ್ಲವನೂ ಹೌದು. ಎಲೆಗಳನ್ನು ಸೂಕ್ಷ್ಮವಾಗಿ ನೋಡಿದ ಕಣ್ಣು ತೂತುಗಳಿಗೂ ನೆರವಾಗಿರಬೇಕು ಅಂತ ನನ್ನ ಅನಿಸಿಕೆ. ಬರಹ ಹೇಳುವುದು ಇಷ್ಟು: ಅಗಸ್ಟಸ್‌ನ ಮಗ, ಕಾನ್ಸಲ್ ಗಾಯಸ್ ಸೀಸರ್‌ಗೆ, ಅಗಸ್ಟಸ್‌ನ ಮಗ, ಕಾನ್ಸಲ್ ಆಗಲಿದ್ದ ಲೂಸಿಯಸ್ ಸೀಸರ್‌ಗೆ, ಯುವಕರ ನಾಯಕರಿಗೆ. ಕಾನ್ಸಲ್ ಅನ್ನುವುದು ರೋಮಿನ ಅತಿ ದೊಡ್ಡ ಅಧಿಕಾರಿಯ ಹುದ್ದೆ.

ಇಬ್ಬರೂ ಅಗಸ್ಟಸ್‌ನ ಮಗಳ ಮಕ್ಕಳು. ಅವನೇ ದತ್ತು ತೆಗೆದುಕೊಂಡು ತನ್ನ ನಂತರ ಇವರೇ ಎಂದು ಬೆಳೆಸಿದ್ದ. ಲೂಸಿಯಸ್ ಕ್ರಿ.ಶ. 2ರಲ್ಲಿ ಸ್ಪೇನಿಗೆ ಹೋಗುವ ದಾರಿಯಲ್ಲಿ, ಈಗಿನ ಮಾರ್ಸೇ ಊರಿನಲ್ಲಿ ತೀರಿಕೊಂಡ. ಅದು ನೀಮ್‌ಗೆ ದೂರವಲ್ಲ. ಎರಡೇ ವರ್ಷದಲ್ಲಿ ಗಾಯಸ್ ಕೂಡ ಹೋದ. ಇಬ್ಬರಿಗೂ ಇಪ್ಪತ್ತರ ಆಸುಪಾಸಿನ ವಯಸ್ಸು. 'ಕಾನ್ಸಲ್ ಆಗಲಿದ್ದ' ಅನ್ನುವ ಮಾತು ಕಲ್ಲಿನ ಮೇಲೆ ಹಾಗೇ ನಿಂತುಹೋಯಿತು. ಇದು ತಿಳಿದ ಮೇಲೆ ಆ ತೊಲೆಯನ್ನು ಬರೀ ಅಲಂಕಾರ ಅಂತ ನೋಡಲು ನನ್ನಿಂದ ಆಗಲಿಲ್ಲ.

ಮಾಡೆಲ್‌ಗೆ ಹಿತ್ತಾಳೆ ಹಾಳೆಯಲ್ಲಿ ಅಕ್ಷರ ಕತ್ತರಿಸಿ ಅಂಟಿಸೋಣ ಅಂತ ಮೊದಲು ಯೋಚಿಸಿದ್ದೆ. ಲೇಸರ್ ಅಂಗಡಿಯಿಂದ ಕತ್ತರಿಸಿಯೂ ತಂದೆ. ತೊಲೆಯ ಮೇಲೆ ಇಟ್ಟು ನೋಡಿದರೆ ಬಹಳ ಚಂದ ಕಂಡಿತು. ಆದರೆ ನೀಮ್‌ನಲ್ಲಿ ನಾನು ನೋಡಿದ್ದು ಅದಲ್ಲ. ಅಕ್ಷರಗಳನ್ನು ಡಬ್ಬಿಯಲ್ಲಿ ಹಾಕಿಟ್ಟೆ.

ಅಲ್ಲಿ ನೇರವಾಗಿ ನಿಂತು ತೆಗೆದ ಫೋಟೋವನ್ನು ಸ್ಕೇಲಿಗೆ ತಕ್ಕಂತೆ ಪ್ರಿಂಟ್ ಮಾಡಿಸಿದೆ. ತೊಲೆಯ ಮೇಲೆ ಅಂಟು ಟೇಪಿನಿಂದ ಕೂರಿಸಿದೆ. ಕೈಯಲ್ಲಿ ತಿರುಗಿಸುವ ಪುಟ್ಟ ಡ್ರಿಲ್‌ಗೆ ಅರ್ಧ ಮಿಲಿಮೀಟರಿನ ಮುಳ್ಳು ಹಾಕಿ, ಕಾಗದದ ಮೇಲೆ ಕಪ್ಪು ಚುಕ್ಕೆ ಕಂಡಲ್ಲೆಲ್ಲ ಒತ್ತಿ ತೂತು ಮಾಡಿದೆ. ಮೇಲಿನ ಸಾಲು ಉದ್ದ, ಕೆಳಗಿನ ತೊಲೆಯ ಮೇಲಿನ ಸಾಲು ಗಿಡ್ಡ. ಸೆಗಿಯೇ ಕಲ್ಲಿನಿಂದ ಕಾಗದಕ್ಕೆ ತಂದದ್ದನ್ನು ನಾನು ಕಾಗದದಿಂದ ಮರಕ್ಕೆ ಇಳಿಸುತ್ತಿದ್ದೆ. ನಾಲ್ಕು ಸಂಜೆ ಹಿಡಿಯಿತು. ಕಾಗದ ಸುಲಿದು ಮೇಜಿನ ದೀಪವನ್ನು ಪಕ್ಕಕ್ಕೆ ತಂದು ಹಿಡಿದಾಗ ಪ್ರತಿ ತೂತಿನಲ್ಲೂ ಒಂದು ಚೂರು ನೆರಳು ಕೂತಿತ್ತು.