ಮೌಸ್ ಬಿಟ್ಟು ಫೋಲ್ಡರ್‌ಗಳಲ್ಲಿ ಓಡಾಡಿದ ನನ್ನ ಅನುಭವ

ಫೋಟೋ, ವಿಡಿಯೋ ಎಡಿಟಿಂಗ್ ನನ್ನ ಕೆಲಸ. ನನ್ನ ಡಿಸ್ಕ್‌ಗಳಲ್ಲಿ ಹೆಚ್ಚುಕಡಿಮೆ 4,000 ಫೋಲ್ಡರ್‌ಗಳಿವೆ, ಕೆಲವು ಆರೇಳು ಮೆಟ್ಟಿಲು ಒಳಗಿವೆ. ಯಾವುದು ಬೇಕಾದರೂ ಈಗ ಮೂರ್ನಾಲ್ಕು ಸೆಕೆಂಡಿನಲ್ಲಿ ಅಲ್ಲಿರುತ್ತೇನೆ. ಮೌಸ್ ಮುಟ್ಟುವುದೇ ಇಲ್ಲ, ಎಲ್ಲ ಟರ್ಮಿನಲ್‌ನಲ್ಲಿ, ಅಂದರೆ ಆಜ್ಞೆಗಳನ್ನು ಟೈಪ್ ಮಾಡುವ ಕಿಟಕಿಯಲ್ಲಿ. 'ಟರ್ಮಿನಲ್ ಪ್ರೋಗ್ರಾಮರ್‌ಗಳಿಗೆ, ನಿನಗ್ಯಾಕೆ?' ಎಂದ ಜೊತೆಗಾರರಲ್ಲಿ ಇಬ್ಬರು ನನ್ನ ಸೆಟ್ಟಿಂಗ್ಸ್ ಕಾಪಿ ಮಾಡಿಕೊಂಡು ಹೋಗಿದ್ದಾರೆ. ಫೋಲ್ಡರ್‌ಗೆ ಹೋಗಲು ಸಿಡಿ, ಒಳಗೇನಿದೆ ಎಂದು ನೋಡಲು ಎಲ್‌ಎಸ್, ಹೆಸರು ಪೂರ್ತಿಯಾಗಲು ಟ್ಯಾಬ್ ಒತ್ತುವುದು ನಿಮಗೆ ಗೊತ್ತೇ ಇದೆ. ಅದನ್ನು ಬಿಟ್ಟು ಮುಂದಕ್ಕೆ ಹೋಗುತ್ತೇನೆ.

ಮೊದಲ ವರ್ಷ ಇದರಿಂದ ನನಗೆ ಬರೀ ನಷ್ಟ. ಕ್ಯಾಶೆ (ತಾತ್ಕಾಲಿಕ ಫೈಲ್‌ಗಳ) ಫೋಲ್ಡರ್ ಖಾಲಿ ಮಾಡಲು ಎರಡು ಸಾಲಿನ ಸ್ಕ್ರಿಪ್ಟ್ (ಆಜ್ಞೆಗಳನ್ನು ಬರೆದಿಟ್ಟ ಫೈಲ್) ಬರೆದಿದ್ದೆ. ಮೊದಲ ಸಾಲು ಸಿಡಿ ಮಾಡಿ ಒಳಗೆ ಹೋಗು, ಎರಡನೆಯದು ಎಲ್ಲ ಅಳಿಸು. ಒಂದು ಕೆಲಸದಲ್ಲಿ ಆ ಫೋಲ್ಡರ್‌ಗೆ ಬೇರೆ ಹೆಸರಿಟ್ಟಿದ್ದೆ. ಸಿಡಿ ಸೋತಿತು, ಆದರೆ ಅಳಿಸುವ ಸಾಲು ನಿಲ್ಲಲಿಲ್ಲ. ನಾನು ನಿಂತಿದ್ದ ಜಾಗದಲ್ಲೇ ಓಡಿತು. ಅಲ್ಲಿದ್ದದ್ದು ಗ್ರಾಹಕರ ಮೂಲ ಫೋಟೋಗಳು. ಬ್ಯಾಕಪ್ ಒಂಬತ್ತು ಹತ್ತು ದಿನ ಹಳೆಯದು. ರಿಕವರಿಗೆ ಕೊಟ್ಟ ಹಣ ಆ ಕೆಲಸದ ಸಂಭಾವನೆಯ ಎರಡರಷ್ಟಾಯಿತು. ಮುಕ್ಕಾಲು ಫೋಟೋಗಳು ವಾಪಸ್ ಬಂದವು, ಆದರೆ ಹೆಸರು, ಫೋಲ್ಡರ್ ಎರಡೂ ಹೋಗಿದ್ದವು. ಕೊನೆಗೆ ಸಂಭಾವನೆಯನ್ನೂ ಹಿಂದಿರುಗಿಸಿದೆ. ಅವತ್ತಿನಿಂದ ಎರಡು ಆಜ್ಞೆಗಳ ನಡುವೆ && ಇಲ್ಲದೆ ಅಳಿಸುವ ಸಾಲು ಬರೆದಿಲ್ಲ. ಮೊದಲನೆಯದು ಗೆದ್ದರೆ ಮಾತ್ರ ಎರಡನೆಯದು ಓಡಬೇಕು.

ವೇಗದ ಹುಡುಕಾಟಕ್ಕೆ ಮೊದಲು ಹಿಡಿದದ್ದು ಅಲಿಯಾಸ್. ಒಂದೊಂದು ಫೋಲ್ಡರ್‌ಗೆ ಒಂದೊಂದು ಅಡ್ಡಹೆಸರು. ಅರವತ್ತು ದಾಟಿದ ಮೇಲೆ ಅಡ್ಡಹೆಸರನ್ನೇ ಹುಡುಕುವ ಪರಿಸ್ಥಿತಿ ಬಂತು. ಆಮೇಲೆ ಸಿಡಿ ಮಾಡುವ ಸ್ಕ್ರಿಪ್ಟ್ ಬರೆದೆ. ಸ್ಕ್ರಿಪ್ಟ್ ತಪ್ಪಿಲ್ಲದೆ ಮುಗಿಯುತ್ತಿತ್ತು, ನಾನು ಮಾತ್ರ ಇದ್ದಲ್ಲೇ ಇರುತ್ತಿದ್ದೆ. ಎರಡು ಸಂಜೆ ಹೋಯಿತು ಇದಕ್ಕೆ. ಸ್ಕ್ರಿಪ್ಟ್ ಬೇರೆ ಪ್ರೊಸೆಸ್ ಆಗಿ, ಅಂದರೆ ಪ್ರತ್ಯೇಕ ಪ್ರೋಗ್ರಾಮ್ ಆಗಿ ಓಡುತ್ತದೆ, ಅದು ಜಾಗ ಬದಲಿಸಿದರೆ ನಮ್ಮ ಶೆಲ್ (ಟರ್ಮಿನಲ್‌ನಲ್ಲಿ ನಮ್ಮ ಆಜ್ಞೆ ಓದುವ ಪ್ರೋಗ್ರಾಮ್) ಕದಲುವುದಿಲ್ಲ. ಅದನ್ನೇ ಶೆಲ್‌ನೊಳಗೇ ಓಡುವ ಫಂಕ್ಷನ್ ಮಾಡಿ, ಶೆಲ್ ಶುರುವಾಗುವಾಗ ಓದುವ ಬ್ಯಾಶ್‌ಆರ್‌ಸಿ ಫೈಲಿಗೆ ಹಾಕಿದೆ, ಸರಿಹೋಯಿತು.

ಹೆಸರಿನ ತುಂಡು ಕೊಟ್ಟರೆ ಮೊದಲು ಹೋಗಿದ್ದ ಫೋಲ್ಡರ್‌ಗೆ ಹಾರಿಸುವ ಆಟೋಜಂಪ್ ಕೂಡ ಎರಡು ತಿಂಗಳು ಬಳಸಿದೆ. ಒಳ್ಳೆಯ ಟೂಲ್, ಆದರೆ ಜಾಸ್ತಿ ಓಡಾಡಿದ ಜಾಗಕ್ಕೆ ಜಾಸ್ತಿ ಅಂಕ ಕೊಡುತ್ತದೆ. ನನ್ನ ಕೆಲಸದಲ್ಲಿ ಒಂದೇ ಹೆಸರಿನ ಒಳಫೋಲ್ಡರ್ ಪ್ರತಿ ಪ್ರಾಜೆಕ್ಟ್‌ನಲ್ಲೂ ಇರುತ್ತದೆ. ಹೊಸದಕ್ಕೆ ಹೋಗಬೇಕು ಅಂದರೆ ಹಳೆಯದಕ್ಕೆ ಕರೆದುಕೊಂಡು ಹೋಗುತ್ತಿತ್ತು. ಎಡಿಟ್ ಮಾಡಿದ್ದನ್ನು ಹಳೆಯ ಜಾಗದಲ್ಲಿ ಎಕ್ಸ್‌ಪೋರ್ಟ್ ಮಾಡಿ ಒಂದು ರಾತ್ರಿ ಕಳೆದೆ. ಬಿಟ್ಟುಬಿಟ್ಟೆ.

ಸಿಡಿಪಾತ್ ಇನ್ನೂ ಇಟ್ಟುಕೊಂಡಿದ್ದೇನೆ. ಸಿಡಿ ಎಲ್ಲೆಲ್ಲಿ ಹುಡುಕಬೇಕು ಎಂಬ ಪಟ್ಟಿ ಅದು. ಅದರಲ್ಲಿ ಮೊದಲು ಚುಕ್ಕೆ (ಈಗಿರುವ ಫೋಲ್ಡರ್), ಆಮೇಲೆ ಪ್ರಾಜೆಕ್ಟ್‌ಗಳ ತಾಯಿ ಫೋಲ್ಡರ್. ಚುಕ್ಕೆ ಮೊದಲಿಲ್ಲದಿದ್ದರೆ ಕಣ್ಣೆದುರಿನ ಫೋಲ್ಡರ್ ಬಿಟ್ಟು ಇನ್ನೆಲ್ಲಿಗೋ ಹೋಗುತ್ತೀರಿ. ಇನ್ನೊಂದು, ಇದನ್ನು ಶೆಲ್‌ನಲ್ಲಿ ಎಕ್ಸ್‌ಪೋರ್ಟ್ ಮಾಡಬೇಡಿ, ಮಾಡಿದರೆ ನಿಮ್ಮ ಸ್ಕ್ರಿಪ್ಟ್‌ಗಳಿಗೂ ಇದು ಹೋಗುತ್ತದೆ. ಸಿಡಿಪಾತ್ ಮೂಲಕ ಹೋದಾಗ ಸಿಡಿ ತಾನು ಹೋದ ಜಾಗದ ಹೆಸರನ್ನು ಹೊರಗೆ ಬರೆಯುತ್ತದೆ. ನನ್ನ ಬ್ಯಾಕಪ್ ಸ್ಕ್ರಿಪ್ಟ್‌ಗೆ ಅದರಿಂದ ವಿಳಾಸ ಎರಡು ಸಲ ಸಿಕ್ಕಿ, ವಾರಗಟ್ಟಲೆ ಬ್ಯಾಕಪ್ಪೇ ಆಗಿರಲಿಲ್ಲ. ಒಮ್ಮೆ ಅಷ್ಟು ಕಳೆದುಕೊಂಡವನಿಗೆ ಅದು ಗೊತ್ತಾದಾಗ ಕೈಕಾಲು ತಣ್ಣಗಾಯಿತು.

ಕೊನೆಗೆ ಗೆದ್ದದ್ದು ಎಫ್‌ಜೆಡ್‌ಎಫ್, ಪಟ್ಟಿಯಲ್ಲಿ ಹುಡುಕಿ ಆರಿಸುವ ಟೂಲ್. ಎಲ್ಲ ಫೋಲ್ಡರ್‌ಗಳ ಪಟ್ಟಿಯನ್ನು ಅದಕ್ಕೆ ಕೊಡಬೇಕು, ಹೆಸರಿನ ಎರಡು ಮೂರು ತುಂಡು ಹೊಡೆಯಬೇಕು, ಆಯ್ಕೆಯಾದದ್ದನ್ನು ಫಂಕ್ಷನ್ ಸಿಡಿಗೆ ಕೊಡುತ್ತದೆ. ಪ್ರಾಜೆಕ್ಟ್ ಹೆಸರಿನ ತುಂಡು ಒಂದು, ಒಳಫೋಲ್ಡರ್ ತುಂಡು ಒಂದು, ಅಷ್ಟೇ. ಆಟೋಜಂಪ್ ಮಾಡುತ್ತಿದ್ದ ಗೊಂದಲ ಇಲ್ಲಿಲ್ಲ, ಏಕೆಂದರೆ ಎಂಟರ್ ಒತ್ತುವ ಮೊದಲು ಪೂರ್ತಿ ದಾರಿ ಕಣ್ಣಿಗೆ ಕಾಣುತ್ತದೆ. ಪಟ್ಟಿಗಾಗಿ ಪ್ರತಿ ಸಲ ಫೈಂಡ್ (ಫೋಲ್ಡರ್‌ಗಳನ್ನು ಹುಡುಕುವ ಆಜ್ಞೆ) ಓಡಿಸಿದಾಗ ಹೊರಗಿನ ಹಾರ್ಡ್ ಡಿಸ್ಕ್‌ನಲ್ಲಿ ಎಂಟು ಹತ್ತು ಸೆಕೆಂಡ್ ಹಿಡಿಯುತ್ತಿತ್ತು. ಈಗ ರಾತ್ರಿ ಒಮ್ಮೆ ಪಟ್ಟಿ ಮಾಡಿ ಫೈಲ್‌ನಲ್ಲಿಟ್ಟು ಅದನ್ನೇ ಓದಿಸುತ್ತೇನೆ. ಅವತ್ತೇ ಹುಟ್ಟಿದ ಫೋಲ್ಡರ್ ಪಟ್ಟಿಗೆ ಹೇಗೆ ಸೇರುತ್ತದೆ, ಯಾವುದನ್ನು ಪಟ್ಟಿಯಿಂದ ಹೊರಗಿಟ್ಟಿದ್ದೇನೆ ಅನ್ನೋದು ನನ್ನಲ್ಲೇ ಇರಲಿ. ಅದಕ್ಕೆ ಆರು ತಿಂಗಳು ಬೆವರು ಸುರಿಸಿದ್ದೇನೆ.

ನಡುವೆ ಫೋನ್ ಬಂದು ಬೇರೆ ಕಡೆ ಹೋಗಬೇಕಾದರೆ ಈಗಿನ ಜಾಗ ನೆನಪಿಟ್ಟು ಹೋಗುವ ಪುಶ್‌ಡಿ, ಮುಗಿದ ಮೇಲೆ ವಾಪಸ್ ತರುವ ಪಾಪ್‌ಡಿ. 'ಸಿಡಿ -' ಎರಡು ಜಾಗದ ನಡುವೆ ಮಾತ್ರ ಓಡಾಡಿಸುತ್ತದೆ, ಮೂರನೆಯದು ಬಂದರೆ ಸಾಲದು.

ಒಂದು ಪ್ರಯೋಗ ಹೇಳಲೇಬೇಕು. ಫೋಲ್ಡರ್‌ಗಳಿಗೆ ಕನ್ನಡದಲ್ಲೇ ಹೆಸರಿಟ್ಟೆ. ಲಿನಕ್ಸ್‌ನಲ್ಲಿ ಚೆನ್ನಾಗಿಯೇ ನಡೆಯಿತು. ಹಳೆಯ ಮ್ಯಾಕ್ ಡಿಸ್ಕ್‌ನಿಂದ ತಂದ 'ಫೋಟೋ' ಫೋಲ್ಡರ್‌ಗೆ ಮಾತ್ರ ಹೋಗಲು ಆಗಲೇ ಇಲ್ಲ. ಕಣ್ಣಿಗೆ ಅದೇ ಹೆಸರು, ಸಿಡಿ ಮಾತ್ರ ಇಲ್ಲ ಅನ್ನುತ್ತದೆ. ಯೂನಿಕೋಡ್‌ನಲ್ಲಿ 'ಓ'ಕಾರದ ಚಿಹ್ನೆಯನ್ನು ಒಂದೇ ಸಂಕೇತವಾಗಿಯೂ ಬರೆಯಬಹುದು, ಮೂರು ತುಂಡಾಗಿಯೂ ಬರೆಯಬಹುದು. ಮ್ಯಾಕ್‌ನ ಹಳೆಯ ಎಚ್‌ಎಫ್‌ಎಸ್ ಪ್ಲಸ್ ಫೈಲ್ ಸಿಸ್ಟಮ್ ತುಂಡು ಮಾಡಿ ಇಡುತ್ತದೆ, ನಮ್ಮ ಕೀಬೋರ್ಡ್ ಒಂದೇ ಆಗಿ ಹೊಡೆಯುತ್ತದೆ. ನೂರಿಪ್ಪತ್ತರಷ್ಟು ಫೋಲ್ಡರ್‌ಗಳ ಹೆಸರನ್ನು ಸ್ಕ್ರಿಪ್ಟ್‌ನಿಂದ ಒಂದೇ ರೂಪಕ್ಕೆ ತಂದೆ. ಈಗ ಕನ್ನಡದ ಎರಡಕ್ಷರ ಹೊಡೆದು ಟ್ಯಾಬ್ ಒತ್ತಿದರೆ ಸಾಕು, ಉಳಿದ ಹೆಸರು ತಾನಾಗಿ ತುಂಬುತ್ತದೆ.