ಸಮುದ್ರದ ಮೇಲೆ ಕೆಂಪು ಬಸ್ಸು ಓಡಿಸಿದ ಕಥೆ

ಕಳೆದ ಭಾನುವಾರ ರಾತ್ರಿ ಹತ್ತೂವರೆಗೆ ನಮ್ಮ ಮೈನ್‌ಕ್ರಾಫ್ಟ್ (ಬ್ಲಾಕ್ ಜೋಡಿಸಿ ಕಟ್ಟುವ ವಿಡಿಯೋ ಗೇಮ್) ಸರ್ವರ್‌ನಲ್ಲಿ ನನ್ನ ಬಸ್ಸು ನಾಲ್ಕು ಜನರನ್ನು ಹೊತ್ತುಕೊಂಡು ಗಾರ್ಡಿಯನ್ ಫಾರ್ಮ್, ಅಂದರೆ ಗಾರ್ಡಿಯನ್ ಎಂಬ ಸಮುದ್ರ ಜೀವಿಗಳನ್ನು ಬೇಟೆಯಾಡುವ ಜಾಗ, ತಲುಪಿತು. ಅದೇ ನಾಲ್ಕು ಜನರನ್ನು ಕೂಡಿಸಿಕೊಂಡು ವಾಪಸ್ಸೂ ಬಂತು. ಯಾರೂ ನೀರಿಗೆ ಬೀಳಲಿಲ್ಲ. ಆ ಒಂದು ಮಾತು ಹೇಳಿಕೊಳ್ಳಲಿಕ್ಕೇ ಇಷ್ಟೆಲ್ಲ ಬರೆಯುತ್ತಿದ್ದೇನೆ. ಅದಕ್ಕೆ ಮೊದಲಿನ ಏಳೆಂಟು ತಿಂಗಳಲ್ಲಿ ತಲುಪಿದವರಿಗಿಂತ ಬಿದ್ದವರೇ ಜಾಸ್ತಿ.

ನಮ್ಮದು ಆರು ಜನರ ಸಣ್ಣ ಸರ್ವರ್. ನಾನು ಮಂಡ್ಯ, ಒಬ್ಬ ಮೈಸೂರು, ಮೂವರು ಬೆಂಗಳೂರು, ಒಬ್ಬ ಡಲ್ಲಾಸ್. ಬೇಸ್‌ನಿಂದ ಗಾರ್ಡಿಯನ್ ಫಾರ್ಮ್‌ಗೆ ಸಮುದ್ರದ ಮೇಲೆ 1200 ಬ್ಲಾಕ್ ದೂರ. ಅಂಟುವ ಸ್ಲೈಮ್ ಬ್ಲಾಕ್ ಮತ್ತು ಬ್ಲಾಕುಗಳನ್ನು ತಳ್ಳುವ, ಎಳೆಯುವ ಪಿಸ್ಟನ್‌ನಲ್ಲಿ ಅಲ್ಲಿಗೊಂದು ಬಸ್ಸು ಬಿಡುತ್ತೇನೆ ಅಂದಾಗ ಎಲ್ಲರೂ ನಕ್ಕರು. ಅವರು ನಕ್ಕಿದ್ದು ತಪ್ಪೂ ಅಲ್ಲ. ಹಳಿ ಹಾಕಿದರೆ ಮೈನ್‌ಕಾರ್ಟ್ ಸೆಕೆಂಡಿಗೆ 8 ಬ್ಲಾಕ್ ಓಡುತ್ತದೆ. ನೆದರ್ ಎಂಬ ಆಟದ ಇನ್ನೊಂದು ಲೋಕದಲ್ಲಿ ಹೋದರೆ ಅದೇ ದೂರ ಬರೀ 150 ಬ್ಲಾಕ್. ಅಲ್ಲಿ ಬ್ಲೂ ಐಸ್ ಹಾಸಿ ದೋಣಿ ಬಿಟ್ಟರೆ ಕಣ್ಣು ಮಿಟುಕಿಸುವಷ್ಟರಲ್ಲಿ ತಲುಪಬಹುದು. ಮೂವರ ಹತ್ತಿರ ಎಲಿಟ್ರಾ, ಅಂದರೆ ಹಾರುವ ರೆಕ್ಕೆ, ಬೇರೆ ಇತ್ತು. ನನ್ನ ಬಸ್ಸು ಸೆಕೆಂಡಿಗೆ ಹೆಚ್ಚೆಂದರೆ 2 ಬ್ಲಾಕ್. ಹೋಗಲಿಕ್ಕೆ ಹತ್ತು ನಿಮಿಷ, ಬರಲಿಕ್ಕೆ ಹತ್ತು ನಿಮಿಷ. ಯಾರಿಗೆ ಬೇಕು? ಯಾರಿಗೂ ಬೇಡ. ಆದರೆ ಮೈಸೂರಿನವನು, "ಒಂದು ಸ್ಟಾಕ್ ಡೈಮಂಡ್ ಬೆಟ್, ನಿನ್ನ ಬಸ್ಸು ಹೋದರೂ ವಾಪಸ್ ಬರಲ್ಲ" ಅಂದುಬಿಟ್ಟ. 64 ಡೈಮಂಡ್. ಅಲ್ಲಿಂದ ಅದು ಸಾರಿಗೆಯ ಪ್ರಶ್ನೆಯಾಗಿ ಉಳಿಯಲಿಲ್ಲ.

ನಿಜವಾಗಿ ನನ್ನ ಮೊದಲ ಪ್ರಯತ್ನ ಈ ಸರ್ವರ್‌ಗಿಂತ ಹಳೆಯದು. ಆಗ ಫೋನಿನಲ್ಲಿ ಆಟದ ಬೆಡ್‌ರಾಕ್ ಆವೃತ್ತಿ ಆಡುತ್ತಿದ್ದೆ. ಕಂಪ್ಯೂಟರಿನ ಜಾವಾ ಆವೃತ್ತಿಯವರ ವಿಡಿಯೋ ನೋಡಿ, ಬ್ಲಾಕ್‌ಗೆ ಬ್ಲಾಕ್ ಹಾಗೇ ಇಟ್ಟು, ಯಾಕೆ ಓಡುವುದಿಲ್ಲ ಅಂತ ಎರಡು ವಾರ ತಲೆ ಕೆರೆದುಕೊಂಡೆ. ಜಾವಾದಲ್ಲಿ ಸಣ್ಣ ಪಲ್ಸ್ (ಕ್ಷಣದ ಸಿಗ್ನಲ್) ಕೊಟ್ಟರೆ ಅಂಟುವ ಸ್ಟಿಕಿ ಪಿಸ್ಟನ್ ಬ್ಲಾಕನ್ನು ಬಿಟ್ಟು ಬರುತ್ತದೆ, ಬೆಡ್‌ರಾಕ್‌ನಲ್ಲಿ ಬಿಡುವುದಿಲ್ಲ. ಈ ಒಂದು ಮಾತು ಗೊತ್ತಿದ್ದರೆ ಆ ಎರಡು ವಾರ ಉಳಿಯುತ್ತಿತ್ತು. ಕೊನೆಗೆ ಜಾವಾಗಾಗಿ ಸೆಕೆಂಡ್ ಹ್ಯಾಂಡ್ ಲ್ಯಾಪ್‌ಟಾಪ್ ತೆಗೆದುಕೊಂಡೆ. ಸುಮಾರು 18,000 ರೂಪಾಯಿ. ಮನೆಯಲ್ಲಿ ಹೇಳಿದ್ದು ಎಕ್ಸೆಲ್ ಕಲಿಯಲಿಕ್ಕೆ ಅಂತ. ರ‍್ಯಾಮ್ ಹೆಚ್ಚಿಸಲಿಕ್ಕೆ ಇನ್ನೊಂದು ಎರಡು ಸಾವಿರ ಹೋಯಿತು. ಸರ್ವರ್ ಬಾಡಿಗೆ ಆರು ಜನ ಹಂಚಿಕೊಂಡರೂ ತಿಂಗಳಿಗೆ ತಲಾ ನೂರು ಚಿಲ್ಲರೆ. ಇದೆಲ್ಲ 64 ಡೈಮಂಡಿಗಾಗಿ. ಲೆಕ್ಕ ಹಾಕಬೇಡಿ, ನಾನೂ ಹಾಕಿಲ್ಲ.

ಮೊದಲ ಕಷ್ಟ ಸ್ಲೈಮ್. ಸ್ಲೈಮ್ ಎಂಬ ಜೀವಿಯನ್ನು ಕೊಂದರೆ ಉಂಡೆ ಸಿಗುತ್ತದೆ, ಒಂದು ಬ್ಲಾಕಿಗೆ 9 ಉಂಡೆ. ಸೀಡ್ (ಆಟದ ಲೋಕ ಹುಟ್ಟುವ ಸಂಖ್ಯೆ) ಯಾರಿಗೂ ಗೊತ್ತಿರಲಿಲ್ಲ, ಹಾಗಾಗಿ ಸ್ಲೈಮ್ ಚಂಕ್, ಅಂದರೆ ಸ್ಲೈಮ್ ಹುಟ್ಟುವ ನೆಲದ ತುಂಡು, ಹುಡುಕುವುದೆಂದರೆ ಕುರುಡು ಅಗೆತ. ಹತ್ತರಲ್ಲಿ ಒಂದು ಚಂಕ್ ಅನ್ನುತ್ತಾರೆ. ನಾನು ಅಗೆದ ಹದಿನೈದರಲ್ಲಿ ಒಂದೂ ಇರಲಿಲ್ಲ. ಆಮೇಲೆ ಜೌಗಿಗೆ ಹೋಗಿ ಕೂತೆ. ಆಟದಲ್ಲಿ 8 ದಿನಕ್ಕೊಂದು ಹುಣ್ಣಿಮೆ, ಅಂದರೆ ನಮ್ಮ ಗಡಿಯಾರದಲ್ಲಿ 2 ಗಂಟೆ 40 ನಿಮಿಷಕ್ಕೊಂದು. ಹುಣ್ಣಿಮೆ ರಾತ್ರಿ ಸ್ಲೈಮ್ ಜಾಸ್ತಿ, ಅಮಾವಾಸ್ಯೆಗೆ ಒಂದೂ ಇಲ್ಲ. ನಮ್ಮಜ್ಜಿ ಪಂಚಾಂಗ ನೋಡುತ್ತಿದ್ದ ಹಾಗೆ ನಾನು ಚಂದ್ರನನ್ನು ನೋಡಿಕೊಂಡು ಆಟಕ್ಕೆ ಕೂರುತ್ತಿದ್ದೆ. ಒಟ್ಟು 40 ಬ್ಲಾಕಿನಷ್ಟು ಸ್ಲೈಮ್ ಸೇರಿಸಿದೆ ಅಂತ ನೆನಪು. ಈಗಿನ ಬಸ್ಸಿನಲ್ಲಿ ಇರುವುದು ಅದರಲ್ಲಿ ಕಾಲು ಭಾಗವೂ ಅಲ್ಲ. ಉಳಿದದ್ದು ಎಲ್ಲಿ ಹೋಯಿತು ಅಂದರೆ, ಕೇಳಿ.

ಮೊದಲ ಬಸ್ಸು ಓಡಿಹೋಯಿತು. ಮುಂದೆ ಬಸ್ಸನ್ನು ತಡೆಯುವ, ಪಿಸ್ಟನ್ ತಳ್ಳಲಾರದ ಅಬ್ಸಿಡಿಯನ್ ಇಡುವ ಮೊದಲೇ ಅಬ್ಸರ್ವರ್‌ನ (ಎದುರಿನ ಬದಲಾವಣೆ ಕಂಡರೆ ಸಿಗ್ನಲ್ ಕೊಡುವ ಬ್ಲಾಕ್) ಮುಖದೆದುರು ತಪ್ಪಿ ಒಂದು ಮಣ್ಣಿನ ಬ್ಲಾಕ್ ಇಟ್ಟೆ. ಟಕ್ ಟಕ್ ಅಂತ ಹೊರಟೇಬಿಟ್ಟಿತು. ಹಿಂದೆ ಈಜಿದೆ. ರಾತ್ರಿಯಾಯಿತು, ಡ್ರೌನ್ಡ್ ಎಂಬ ನೀರಿನ ಜಾಂಬಿ ಬಂತು, ಸತ್ತೆ. ಮಾರನೆಯ ದಿನ ದೋಣಿಯಲ್ಲಿ ಹುಡುಕಿಕೊಂಡು ಹೋದರೆ ಎಲ್ಲೂ ಇಲ್ಲ. ಈಗಲೂ ಆ ಸಮುದ್ರದ ಮೇಲೆ ಎಲ್ಲೋ ನಿಂತಿರಬೇಕು, ಪಾಪ.

ಎರಡನೆಯದು ಸ್ಟಾಪನ್ನೇ ಕಿತ್ತುಕೊಂಡು ಹೋಯಿತು. ಬಟನ್ ಒತ್ತಿದರೆ ಸದ್ದು ಮಾಡುವ ನೋಟ್ ಬ್ಲಾಕ್, ನೋಟ್ ಬ್ಲಾಕನ್ನು ನೋಡುವ ಅಬ್ಸರ್ವರ್, ಅದರಿಂದ ಇಂಜಿನ್ ಅಂತ ಜೋಡಿಸಿದ್ದೆ. ಚೆನ್ನಾಗಿಯೇ ಇತ್ತು. ಆದರೆ ಪಕ್ಕದಲ್ಲಿದ್ದ ಸ್ಲೈಮ್ ಆ ನೋಟ್ ಬ್ಲಾಕಿಗೂ ಅಂಟಿತ್ತು. ಬಸ್ಸು ಹೊರಟಿತು, ಜೊತೆಗೆ ಬಸ್ ಸ್ಟ್ಯಾಂಡೂ ಹೊರಟಿತು. ಡಲ್ಲಾಸಿನವನು ಅವತ್ತು ನಕ್ಕಿದ್ದನ್ನು ನಾನು ಮರೆತಿಲ್ಲ.

ಮೂರರಿಂದ ಆರರವರೆಗಿನವು ಒಂದೇ ರೋಗದಿಂದ ಸತ್ತವು: ಹನ್ನೆರಡು. ಪಿಸ್ಟನ್ ತಳ್ಳುವುದು 12 ಬ್ಲಾಕ್, ಅಷ್ಟೇ. ಇದು ಎಲ್ಲರಿಗೂ ಗೊತ್ತು. ಆದರೆ ಎಣಿಸುವಾಗ ನಾವು ಇಟ್ಟದ್ದನ್ನು ಮಾತ್ರ ಎಣಿಸುತ್ತೇವೆ, ಅಂಟಿಕೊಂಡದ್ದನ್ನು ಎಣಿಸುವುದಿಲ್ಲ. ನನ್ನ ಬಸ್ಸು ಒಂದನ್ನೊಂದು ಸರಿಸುವ ಎರಡು ಭಾಗದ್ದು: ಮುಂದಿನ ಅರ್ಧ 9 ಬ್ಲಾಕ್, ಹಿಂದಿನ ಅರ್ಧ 10. ಹಾಳೆಯ ಮೇಲೆ ಸರಿ. ಆದರೆ ನಾಲ್ಕು ಜನ ನಿಲ್ಲಬೇಕು ಅಂತ ಮೈ ಅಗಲ ಮಾಡಿದ್ದೆನಲ್ಲ, ಎರಡೂ ಅರ್ಧದ ಸ್ಲೈಮ್ ಒಂದು ಮೂಲೆಯಲ್ಲಿ ತಾಗುತ್ತಿತ್ತು. ಪಿಸ್ಟನ್ ಕಣ್ಣಿಗೆ ಅದು ಒಂದೇ 19 ಬ್ಲಾಕಿನ ಗುಡ್ಡೆ. ಅಲುಗಾಡುವುದೇ ಇಲ್ಲ. ನಾನು ಮಾತ್ರ ಅಬ್ಸರ್ವರ್ ಕೆಟ್ಟಿದೆ, ಸರ್ವರ್ ಲ್ಯಾಗ್ ಆಗಿದೆ ಅಂತ ಒಂದೂವರೆ ತಿಂಗಳು ಬೇರೆಯವರ ಮೇಲೆ ಹೇಳಿಕೊಂಡು ತಿರುಗಿದೆ.

ದಾರಿ ತೋರಿಸಿದ್ದು ಜೇನು. ಆಟದ 1.15 ಆವೃತ್ತಿಯಲ್ಲಿ ಹನಿ ಬ್ಲಾಕ್ (ಹನಿ ಅಂದರೆ ಇಂಗ್ಲಿಷಿನ ಜೇನು) ಬಂದಾಗಿನಿಂದ ಎಲ್ಲರೂ ಹೇಳುತ್ತಲೇ ಇದ್ದರು, ಸ್ಲೈಮ್ ಮತ್ತು ಹನಿ ಒಂದಕ್ಕೊಂದು ಅಂಟುವುದಿಲ್ಲ ಅಂತ. ನಾನು ಅದನ್ನು ಪಿಸ್ಟನ್ ಬಾಗಿಲು ಮಾಡುವವರ ವಿಷಯ ಅಂದುಕೊಂಡಿದ್ದೆ. ಒಂದು ಅರ್ಧ ಪೂರ್ತಿ ಸ್ಲೈಮ್, ಇನ್ನೊಂದು ಅರ್ಧ ಪೂರ್ತಿ ಹನಿ ಮಾಡಿದರೆ ಎಷ್ಟು ತಾಗಿದರೂ ಚಿಂತೆಯಿಲ್ಲ, ಅಲ್ವಾ? ಹಿಂದಿನ ಅರ್ಧ ಮುಂದಿನದನ್ನು ತಳ್ಳುತ್ತದೆ, ಮುಂದಿನದು ಹಿಂದಿನದನ್ನು ಎಳೆದುಕೊಳ್ಳುತ್ತದೆ, ಕಂಬಳಿಹುಳದ ಹಾಗೆ. ಅದಕ್ಕಿಂತ ದೊಡ್ಡ ಲಾಭ ಇನ್ನೊಂದಿತ್ತು. ಹನಿ ಬ್ಲಾಕಿನ ಮೇಲೆ ನಿಂತರೆ ಅದು ಸರಿದ ಕಡೆ ನಮ್ಮನ್ನೂ ಕರೆದುಕೊಂಡು ಹೋಗುತ್ತದೆ. ಸ್ಲೈಮ್ ಹಾಗಲ್ಲ. ನಮ್ಮ ಕಾಲ ಕೆಳಗಿಂದ ತಾನು ಮಾತ್ರ ಜಾರಿಹೋಗುತ್ತದೆ.

ಹನಿ ಬ್ಲಾಕ್ ಒಂದಕ್ಕೆ 4 ಬಾಟಲಿ. ಆರು ಬ್ಲಾಕಿಗೆ 24 ಬಾಟಲಿ, ಮೂರು ಗೂಡಿನಿಂದ. ಕೆಳಗೆ ಕ್ಯಾಂಪ್‌ಫೈರ್ ಇಡದೆ ಮೊದಲ ಬಾಟಲಿ ತುಂಬಿಸಿದೆ. ಹುಳುಗಳು ಕಚ್ಚಿದವು, ಕಚ್ಚಿದ್ದಕ್ಕೆ ಅವೂ ಸತ್ತವು. ಎರಡು ಗೂಡು ಖಾಲಿ. ಜೇನು ಬಿಡಿಸುವವರು ಮೊದಲು ಹೊಗೆ ಹಾಕುವುದನ್ನು ಚಿಕ್ಕಂದಿನಿಂದ ನೋಡಿದ್ದೇನೆ, ಆಟದಲ್ಲಿ ಮಾತ್ರ ನೆನಪಾಗಲಿಲ್ಲ. ಬೆಂಗಳೂರಿನವನೊಬ್ಬನ ಹತ್ತಿರ 10 ಬಾಟಲಿ ಕೊಂಡೆ, ಎರಡು ಬಾಟಲಿಗೆ ಒಂದು ಡೈಮಂಡ್. ಕಷ್ಟದಲ್ಲಿದ್ದವನನ್ನು ಸುಲಿದ.

ಏಳನೆಯ ಬಸ್ಸು ಹೋಗಿ ತಲುಪಿತು. ಎಲ್ಲರೂ ಚಪ್ಪಾಳೆ ತಟ್ಟಿದರು. ವಾಪಸ್ ಹೊರಟಿತು ನೋಡಿ, ಈಗ ಹಿಂದೆ ಸರಿಯುತ್ತಿದ್ದ ಸ್ಲೈಮ್ ಅರ್ಧದಲ್ಲಿ ಎತ್ತರಕ್ಕಿದ್ದ ಬ್ಲಾಕ್ ಒಂದು ಮೈಸೂರಿನವನ ಬೆನ್ನಿಗೆ ತಾಗಿತು. ಸ್ಲೈಮ್ ತಾಗಿದರೆ ಗೊತ್ತಲ್ಲ, ಚೆಂಡಿನ ಹಾಗೆ ಎಸೆಯುತ್ತದೆ. ನೇರ ಮಾನ್ಯುಮೆಂಟ್ (ಗಾರ್ಡಿಯನ್‌ಗಳಿರುವ ಸಮುದ್ರದ ಕಟ್ಟಡ) ಮೇಲೆ, ಗಾರ್ಡಿಯನ್‌ಗಳ ನಡುವೆ. ಬೆಟ್ ಹಾಕಿದವನೇ ಬಿದ್ದದ್ದರಿಂದ ನಾನು ಬೇಕೆಂದೇ ಮಾಡಿದೆ ಅಂತ ಗಲಾಟೆ. ಅವನ ಡೈಮಂಡ್ ಚೆಸ್ಟ್‌ಪ್ಲೇಟ್ ಹೋಯಿತು, ಹೊಸದು ನಾನು ಕೊಡಬೇಕಾಯಿತು. 8 ಡೈಮಂಡ್ ದಂಡ.

ಆಮೇಲೆ ಆ ಎತ್ತರದ ಬ್ಲಾಕ್ ತೆಗೆದೆ. ಚೆಂದಕ್ಕೆ ಅಂತ ಮುಂದುಗಡೆ ಕೆಂಪು ಗ್ಲೇಜ್ಡ್ ಟೆರಾಕೋಟಾ (ಮೆರುಗಿನ ಸುಟ್ಟಮಣ್ಣಿನ ಬ್ಲಾಕ್) ಕೂಡಿಸಿದೆ, ನಮ್ಮೂರಿನ ಕೆಂಪು ಬಸ್ಸಿನ ಹಾಗೆ ಕಾಣಲಿ ಅಂತ. ಹೋಗುವಾಗ ಸರಿಯಾಗಿಯೇ ಹೋಯಿತು. ಬರುವಾಗ ಬಸ್ಸು ಬಂತು, ಮೂತಿ ಅಲ್ಲೇ ಗಾಳಿಯಲ್ಲಿ ನಿಂತಿತು. ಗ್ಲೇಜ್ಡ್ ಟೆರಾಕೋಟಾ ತಳ್ಳಿಸಿಕೊಳ್ಳುತ್ತದೆ, ಸ್ಲೈಮಿಗೆ ಅಂಟುವುದಿಲ್ಲ. ಗೊತ್ತಿದ್ದೂ ಮಾಡಿದ ತಪ್ಪು ಇದು. ಈಗ ಇರುವುದು ಸಾದಾ ಕೆಂಪು ಕಾಂಕ್ರೀಟ್, ಒಂದೇ ಬ್ಲಾಕ್. ಅದಕ್ಕೇ ಜಾಗ ಮಾಡಲು ಒಂದು ಗಾಜು ತೆಗೆಯಬೇಕಾಯಿತು. ಕಂಬಿಯೂ ಇಲ್ಲ, ಕಿಟಕಿಯೂ ಇಲ್ಲ. ನಿಯಮ ಒಂದೇ: ಯಾರೂ ಜಿಗಿಯಬಾರದು.

ಲಗೇಜಿನದ್ದು ಇನ್ನೊಂದು ಕಥೆ. ಚೆಸ್ಟ್, ಅಂದರೆ ಪೆಟ್ಟಿಗೆ, ಇಟ್ಟರೆ ಜಾವಾದಲ್ಲಿ ಪಿಸ್ಟನ್ ಅದನ್ನು ಅಲುಗಾಡಿಸುವುದಿಲ್ಲ, ಬೆಡ್‌ರಾಕ್‌ನವರಿಗೆ ಆ ಭಾಗ್ಯ ಇದೆ. ನಾನು ಈಗ ಬಸ್ಸಿನಲ್ಲೇ ಗಾರ್ಡಿಯನ್‌ಗಳಿಂದ ಸಿಗುವ ಪ್ರಿಸ್ಮರೀನ್ ಎರಡು ಚೆಸ್ಟಿನಷ್ಟು ತರುತ್ತೇನೆ. ಹೇಗೆ ಅಂತ ಹೇಳುವುದಿಲ್ಲ. ಮೈಸೂರಿನವನು ಇದನ್ನು ಓದುತ್ತಾನೆ.

ಇನ್ನೂ ಒಂದು ಬಾಕಿ ಇತ್ತು: ಕರೆಂಟ್. ಹೋದ ತಿಂಗಳು ಒಂದು ಸಂಜೆ ಅರ್ಧ ಸಮುದ್ರದಲ್ಲಿದ್ದಾಗ ನಮ್ಮ ಬೀದಿಯಲ್ಲಿ ಕರೆಂಟ್ ಹೋಯಿತು. ಲ್ಯಾಪ್‌ಟಾಪ್ ಉಳಿಯಿತು, ವೈಫೈ ಸತ್ತಿತು. ಬಸ್ಸಿನಲ್ಲಿ ಇನ್ನಿಬ್ಬರು ಇದ್ದರು, ಬಸ್ಸು ಅವರನ್ನು ಕರೆದುಕೊಂಡು ಹೋಯಿತು. ಇಪ್ಪತ್ತು ನಿಮಿಷ ಬಿಟ್ಟು ಬಂದರೆ ನಾನು ಬಿಟ್ಟ ಜಾಗದಲ್ಲೇ ಇದ್ದೇನೆ, ಕಾಲ ಕೆಳಗೆ ಬಸ್ಸಿಲ್ಲ. ಬುಳುಕ್. ನಾನೊಬ್ಬನೇ ಇದ್ದಿದ್ದರೆ ಇನ್ನೂ ಕೆಟ್ಟದು. ಹತ್ತಿರ ಯಾರೂ ಇಲ್ಲದೆ ಚಂಕ್ ಅನ್‌ಲೋಡ್ ಆಗಿ (ಆ ನೆಲದ ತುಂಡು ಸ್ತಬ್ಧವಾಗಿ) ಪಿಸ್ಟನ್ ಅರ್ಧ ಚಾಚಿಕೊಂಡು ನಿಂತರೆ ಚಾಚಿದ ಪಿಸ್ಟನ್ನನ್ನು ಯಾವುದೂ ತಳ್ಳಲಾರದು, ಬಿಚ್ಚಿ ಜೋಡಿಸಬೇಕು. ಈಗ ಜೇಬಿನಲ್ಲಿ ಯಾವಾಗಲೂ ಎರಡು ಪಿಸ್ಟನ್, ಒಂದು ಅಬ್ಸರ್ವರ್, ಒಂದು ಚಕಮಕಿ. ರೂಟರ್‌ಗೊಂದು ಸಣ್ಣ ಯುಪಿಎಸ್ಸೂ ತಂದೆ, 1,300 ರೂಪಾಯಿ ಹತ್ತಿರ.

ನಡುವೆ ಸುಮ್ನೆ ಇರಲಾಗದೆ ಇನ್ನೊಂದು ಮಾಡಿದೆ. ಅದೇ ಇಂಜಿನ್ನಿಗೆ ಅಡ್ಡಲಾಗಿ ಸ್ಲೈಮ್ ಸಾಲು ಕೂಡಿಸಿ ಕಬ್ಬಿನ ಗದ್ದೆಯ ಮೇಲೆ ಓಡಿಸಿದೆ. ಮಂಡ್ಯದವನು, ಕಬ್ಬು ಬಿಡಲಿಕ್ಕಾಗುತ್ತದಾ? ಬುಡದ ಬ್ಲಾಕ್ ಬಿಟ್ಟು ಅದರ ಮೇಲಿನ ಎತ್ತರಕ್ಕೆ ಸರಿಯಾಗಿ ಯಂತ್ರ ನಿಲ್ಲಿಸಿದರೆ ಮೇಲಿನದೆಲ್ಲ ಕಡಿದು ಬೀಳುತ್ತದೆ, ಬುಡ ಮತ್ತೆ ಚಿಗುರುತ್ತದೆ. ಕೂಳೆ ಕಬ್ಬೇ ಸರಿ. ಮೊದಲ ಸಲ ಒಂದು ಬ್ಲಾಕ್ ಕೆಳಗಿಟ್ಟು ಇಡೀ ಗದ್ದೆ ಬುಡಸಮೇತ ಕಿತ್ತೆ. ಎರಡನೆಯ ಸಲದಿಂದ ಒಂದು ಓಟಕ್ಕೆ ನಾಲ್ಕೈದು ಸ್ಟಾಕ್ ಕಬ್ಬು. ಮೂರು ಕಬ್ಬಿಗೆ ಮೂರು ಕಾಗದ, 24 ಕಾಗದಕ್ಕೆ ಆಟದ ಹಳ್ಳಿಯ ಲೈಬ್ರೇರಿಯನ್ ಒಂದು ಎಮರಾಲ್ಡ್ ಕೊಡುತ್ತಾನೆ. ನಿಜವಾದ ಲಾಭ ಅದಲ್ಲ. ಎಲಿಟ್ರಾ ಹಾರಲು ರಾಕೆಟ್ ಬೇಕು, ರಾಕೆಟ್ಟಿಗೆ ಕಾಗದ ಬೇಕು. ನನ್ನ ಬಸ್ಸು ನಿಧಾನ ಅಂತ ನಕ್ಕ ಮೂವರೂ ಈಗ ನನ್ನ ಅಂಗಡಿಯಲ್ಲೇ ಕಾಗದ ಕೊಳ್ಳುವುದು. ಸ್ಟಾಕಿಗೆ ಒಂದು ಡೈಮಂಡ್. ಜೇನು ಮಾರಿದವನಿಗೆ ಮಾತ್ರ ಎರಡು.

ಎಂಟನೆಯ ಬಸ್ಸೇ ಈಗ ಓಡುತ್ತಿರುವುದು. ನೀರಿನಿಂದ ಸಾಕಷ್ಟು ಮೇಲೆ, ವೈ 70ರ ಎತ್ತರದಲ್ಲಿ, ಎರಡೂ ತುದಿಗೆ ಕ್ರೈಯಿಂಗ್ ಅಬ್ಸಿಡಿಯನ್. ಭಾನುವಾರದ ಓಟದ ನಂತರ ಇನ್ನೂ ಮೂರು ಸಲ ಹೋಗಿ ಬಂದಿದೆ. ಮೈಸೂರಿನವನು 40 ಡೈಮಂಡ್ ಕೊಟ್ಟಿದ್ದಾನೆ. ಉಳಿದ 24ಕ್ಕೆ ಬದಲಾಗಿ ಬಸ್ಸಿನ ಪಾಸ್ ಕೇಳುತ್ತಿದ್ದಾನೆ.